ಫೋಟೊ ತೆಗೆದಾದ ಮೇಲೆ

ನಾವು ಚಿಕ್ಕವರಿದ್ದಾಗ ನಮ್ಮ ಮನೆಯ ಗಾಜಿನ ಕಪಾಟಿನಲ್ಲಿ ಒಂದು ದೊಡ್ಡ ಗೊಂಬೆಯಿತ್ತು. ಚಾಚಾ ಜಿದ್ದಾದಿಂದ ತಂದದ್ದು. ಎರಡು ವರ್ಷದ ಮಗುವಿನಷ್ಟು ಎತ್ತರ, ಮಲಗಿಸಿದರೆ ಕಣ್ಣು ಮುಚ್ಚುತ್ತಿತ್ತು. ಅದನ್ನು ಆಡಲು ತಂದದ್ದೋ ನೋಡಲು ತಂದದ್ದೋ ಎಂಬ ಪ್ರಶ್ನೆ ನಮ್ಮ ಮನೆಯಲ್ಲಿ ಕೊನೆಗೂ ಇತ್ಯರ್ಥವಾಗಲಿಲ್ಲ. ಆಡಲು ನಮಗೆ ಬಟ್ಟೆಯ ಗುಡಿಯಾಗಳಿದ್ದವು. ದಾದಿ ಹಳೆಯ ದುಪಟ್ಟಾ ಹರಿದು, ಹತ್ತಿ ತುಂಬಿ, ಕಾಡಿಗೆಯಿಂದ ಕಣ್ಣು ಬರೆದು ಮಾಡಿಕೊಟ್ಟವು. ಅವುಗಳಿಗೆ ಮದುವೆಯಾಗುತ್ತಿತ್ತು, ಮೆಹರ್ ನಿಗದಿಯಾಗುತ್ತಿತ್ತು, ಪಕ್ಕದ ಮನೆಯ ಮಕ್ಕಳು ಗಂಡಿನ ಕಡೆಯವರಾಗಿ ಬಂದು ಊಟ ಸರಿಯಿಲ್ಲವೆಂದು ಜಗಳ ತೆಗೆಯುತ್ತಿದ್ದರು. ಜಿದ್ದಾದ ಗೊಂಬೆ ಮಾತ್ರ ಪ್ಲಾಸ್ಟಿಕ್ ಹೊದಿಕೆಯೊಳಗಿಂದ ಇದನ್ನೆಲ್ಲ ನೋಡುತ್ತ ನಿಂತಿರುತ್ತಿತ್ತು.

ಒಂದು ಈದ್‌ನ ದಿನ ಫೋಟೊ ತೆಗೆಯುವವರನ್ನು ಮನೆಗೆ ಕರೆಸಿದರು. ಗೊಂಬೆಯನ್ನು ಹೊರತೆಗೆದು ನಡುವೆ ನಿಲ್ಲಿಸಿ, ಸುತ್ತ ನಮ್ಮನ್ನೆಲ್ಲ ಕೂರಿಸಿ ಬೆಳಕು ಹೊಡೆಸಿದರು. ಆಮೇಲೆ ನೋಡಿದರೆ ಗೊಂಬೆಯ ಕೆನ್ನೆ ತುಂಬ ಶೀರ್ ಖುರ್ಮಾದ ಜಿಡ್ಡಿನ ಬೆರಳಚ್ಚು. ಅಮ್ಮಿಗೆ ಗೊತ್ತಾಗುವ ಮೊದಲೇ ಸರಿಮಾಡಬೇಕೆಂದು ಆಪಾ ಚಿಂದಿಗೆ ಸೀಮೆಎಣ್ಣೆ ಅದ್ದಿ ಒರೆಸಿದಳು. ಬೆರಳಚ್ಚು ಹೋಯಿತು. ಜೊತೆಗೆ ಒಂದು ಹುಬ್ಬು, ಅರ್ಧ ತುಟಿಯೂ ಹೋಯಿತು. ಫೋಟೊ ಇವತ್ತಿಗೂ ನಮ್ಮ ಬಳಿ ಇದೆ. ಅದರಲ್ಲಿ ಗೊಂಬೆಯ ಮುಖ ಪೂರ್ತಿ ಇದೆ.

ಫೋಟೊ ತೆಗೆದಾದ ಮೇಲೆ ಗೊಂಬೆಗೆ ಏನಾಗುತ್ತದೆ, ಯಾವ ಕೈಗಳು ಅದನ್ನು ಎತ್ತಿ, ಒರೆಸಿ, ಒಳಗಿಡುತ್ತವೆ ಎಂಬ ಯೋಚನೆ ನಮಗೆ ಮತ್ತೆ ಬಂದದ್ದು ಬಹಳ ವರ್ಷಗಳ ಮೇಲೆ. 1927ರಲ್ಲಿ ಅಮೆರಿಕ ಮತ್ತು ಜಪಾನ್ ಪರಸ್ಪರ ಕಳುಹಿಸಿಕೊಂಡ ಗೊಂಬೆಗಳ ಚರಿತ್ರೆ ಓದುವಾಗ. ಆ ವರ್ಷದ ಫೋಟೊಗಳು ಬೇಕಾದಷ್ಟಿವೆ. ಮಂತ್ರಿಗಳು, ರಾಯಭಾರಿಗಳು, ಬಿಳಿ ಫ್ರಾಕಿನ ಹುಡುಗಿಯರು, ಕಿಮೋನೊ ಉಟ್ಟ ಹುಡುಗಿಯರು, ಎಲ್ಲರ ಕೈಯಲ್ಲೂ ಗೊಂಬೆ. ನಿಜವಾದ ಕತೆ ಶುರುವಾಗುವುದು ಆ ಫೋಟೊಗಳು ಮುಗಿದ ಮೇಲೆ.

ಕಾರಣದಿಂದಲೇ ಆರಂಭಿಸೋಣ. 1924ರಲ್ಲಿ ಅಮೆರಿಕ ಒಂದು ವಲಸೆ ಕಾನೂನು ಮಾಡಿತು. ಪೌರತ್ವ ಪಡೆಯಲು ಅರ್ಹರಲ್ಲದವರು ಆ ದೇಶಕ್ಕೆ ನೆಲೆಸಲು ಬರುವಂತಿಲ್ಲ ಎಂಬುದು ಅದರ ಒಂದು ಕಲಮು. ಏಷ್ಯಾದವರಿಗೆ ಪೌರತ್ವದ ಅರ್ಹತೆ ಮೊದಲೇ ಇರಲಿಲ್ಲವಾದ್ದರಿಂದ, ಹೆಸರು ಹೇಳದೆಯೇ ಜಪಾನಿನವರಿಗೆ ಬಾಗಿಲು ಮುಚ್ಚಿದ ಹಾಗಾಯಿತು. ನಮ್ಮವರಿಗೆ ಆ ಬಾಗಿಲು 1917ರಲ್ಲೇ ಮುಚ್ಚಿತ್ತು. 1923ರಲ್ಲಿ ಭಗತ್ ಸಿಂಗ್ ಥಿಂಡ್ ಅವರ ಮೊಕದ್ದಮೆಯಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯವೇ ಭಾರತೀಯರು ಬಿಳಿಯರಲ್ಲ, ಆದ್ದರಿಂದ ಪೌರರಾಗಲು ಬಾರದು ಎಂದಿತ್ತು. ನಾವು ಆಗ ಇನ್ನೊಬ್ಬರ ಆಳ್ವಿಕೆಯಲ್ಲಿದ್ದವರು, ಕೂಗಾಡಿದರೂ ಕೇಳುವವರಿರಲಿಲ್ಲ. ಜಪಾನ್ ಸ್ವತಂತ್ರ ಸಾಮ್ರಾಜ್ಯ. ಅದು ಈ ಅವಮಾನವನ್ನು ಮರೆಯಲಿಲ್ಲ.

ಸಿಡ್ನಿ ಗ್ಯುಲಿಕ್ ಎಂಬ ಪಾದ್ರಿ 1888ರಿಂದ 1913ರವರೆಗೆ ಜಪಾನಿನಲ್ಲಿದ್ದು ಪಾಠ ಹೇಳಿದವರು. ಅಲ್ಲಿನ ಭಾಷೆ ಬಲ್ಲವರು. ಈ ಕಾನೂನಿನ ವಿರುದ್ಧ ಬರೆದು, ಭಾಷಣ ಮಾಡಿ ಸೋತರು. ದೊಡ್ಡವರಿಗೆ ಹೇಳಿ ಪ್ರಯೋಜನವಿಲ್ಲವೆಂದು ಮಕ್ಕಳ ಕಡೆ ತಿರುಗಿದರು. ಜಪಾನಿನಲ್ಲಿ ಪ್ರತಿ ಮಾರ್ಚ್ 3ರಂದು ಹಿನಾ ಮತ್ಸುರಿ ಎಂಬ ಹುಡುಗಿಯರ ಹಬ್ಬ. ಮೆಟ್ಟಿಲು ಮೆಟ್ಟಿಲಾಗಿ ಕೆಂಪು ಬಟ್ಟೆ ಹಾಸಿ, ಮೇಲೆ ರಾಜ ರಾಣಿ, ಕೆಳಗೆ ಪರಿವಾರ ಎಂದು ಗೊಂಬೆ ಕೂರಿಸುತ್ತಾರೆ. ಮೈಸೂರು ಸೀಮೆಯ ದಸರಾ ಗೊಂಬೆ ಕಂಡವರಿಗೆ ಇದನ್ನು ಹೆಚ್ಚು ವಿವರಿಸಬೇಕಿಲ್ಲ. ಆ ಹಬ್ಬಕ್ಕೆ ಅಮೆರಿಕದ ಮಕ್ಕಳಿಂದ ಗೊಂಬೆ ಕಳುಹಿಸುವುದೆಂದು ಗ್ಯುಲಿಕ್ ಯೋಜನೆ ಹಾಕಿದರು. ಚರ್ಚುಗಳು, ಶಾಲೆಗಳು, ಹೆಣ್ಣುಮಕ್ಕಳ ಸಂಘಗಳು ಸೇರಿ 12,739 ಗೊಂಬೆಗಳನ್ನು ಕಳುಹಿಸಿದವು. ಪ್ರತಿಯೊಂದಕ್ಕೂ ಹೆಸರು, ಪಾಸ್‌ಪೋರ್ಟು, ವೀಸಾ, ಜೊತೆಗೊಂದು ಕಾಗದ. ಮನುಷ್ಯರಿಗೆ ಸಿಗದ ವೀಸಾ ಗೊಂಬೆಗಳಿಗೆ ಸಿಕ್ಕಿತು. ದಿಕ್ಕು ಮಾತ್ರ ತಿರುಗಾಮುರುಗಾ.

ಜಪಾನಿನಲ್ಲಿ ಇದರ ಹೊಣೆ ಹೊತ್ತವರು ಶಿಬುಸಾವ ಐಇಚಿ. ಬ್ಯಾಂಕುಗಳನ್ನೂ ಕಂಪನಿಗಳನ್ನೂ ಕಟ್ಟಿದ ದೊಡ್ಡ ಉದ್ಯಮಿ. ಆಗ ಅವರಿಗೆ ಎಂಬತ್ತಾರು ವರ್ಷ. 2024ರಿಂದ ಜಪಾನಿನ ಹತ್ತು ಸಾವಿರ ಯೆನ್ ನೋಟಿನ ಮೇಲಿರುವುದು ಇವರದೇ ಮುಖ. ಬಂದ ಗೊಂಬೆಗಳನ್ನು ದೇಶದ ಶಾಲೆಗಳಿಗೆ, ಶಿಶುವಿಹಾರಗಳಿಗೆ ಹಂಚಿದರು. 'ನೀಲಿ ಕಣ್ಣಿನ ಗೊಂಬೆ' ಎಂಬ ಮಕ್ಕಳ ಹಾಡೊಂದು 1921ರಿಂದಲೇ ಅಲ್ಲಿ ಜನಪ್ರಿಯವಾಗಿತ್ತು. ಹೀಗಾಗಿ ಬಂದವುಗಳಿಗೂ ಅದೇ ಹೆಸರು ನಿಂತಿತು. ಮಲಗಿಸಿ ಎತ್ತಿದರೆ ಹೊಟ್ಟೆಯೊಳಗಿನ ಸಣ್ಣ ತಿದಿಯಿಂದ 'ಮಮಾ' ಎಂಬ ಸದ್ದು ಬರುತ್ತಿತ್ತು.

ಉಡುಗೊರೆ ಬಂದ ಮೇಲೆ ಬರಿಗೈಯಲ್ಲಿ ಸುಮ್ಮನಿರುವುದು ಜಪಾನಿನ ರಿವಾಜಲ್ಲ. ಉತ್ತರವಾಗಿ 58 ಗೊಂಬೆಗಳನ್ನು ಕಳುಹಿಸಲು ತೀರ್ಮಾನವಾಯಿತು. ಪ್ರಾಂತ್ಯಕ್ಕೊಂದು, ದೊಡ್ಡ ನಗರಗಳಿಗೊಂದು, ಜೊತೆಗೆ ಇಡೀ ದೇಶದ ಹೆಸರಿನ 'ಮಿಸ್ ಜಪಾನ್'. ಶಾಲೆಯ ಹುಡುಗಿಯರು ತಲಾ ಒಂದು ಸೆನ್, ಅಂದರೆ ಒಂದು ಕಾಸಿನ ಲೆಕ್ಕದಲ್ಲಿ, ಚಂದಾ ಕೊಟ್ಟರು. ಟೋಕಿಯೊ ಮತ್ತು ಕ್ಯೋಟೊದ ಹೆಸರಾಂತ ಗೊಂಬೆ ಕುಶಲಿಗರು ಕೆಲಸ ಮಾಡಿದರು. ಅವರಲ್ಲಿ ಹಿರಾತಾ ಗೊಯೊ ಎಂಬ ಇಪ್ಪತ್ತನಾಲ್ಕರ ತರುಣನೂ ಇದ್ದ. 1955ರಲ್ಲಿ ಜಪಾನ್ ಸರ್ಕಾರ ಈತನನ್ನು 'ಜೀವಂತ ರಾಷ್ಟ್ರೀಯ ನಿಧಿ' ಎಂದು ಗೌರವಿಸಿತು. ಒಂದೊಂದು ಗೊಂಬೆ ಸುಮಾರು 81 ಸೆಂಟಿಮೀಟರ್ ಎತ್ತರ. ರೇಷ್ಮೆಯ ಕಿಮೋನೊ, ಗಾಜಿನ ಕಣ್ಣು, ಮನುಷ್ಯರದೇ ಕೂದಲು. ಸಂಗಡ ಪೆಟ್ಟಿಗೆಗಳು, ದೀಪದ ಕಂಬಗಳು, ಚಹಾದ ಸಾಮಾನು, ಕೊಡೆ, ಚಪ್ಪಲಿ. ಮದುಮಗಳ ಜಹೇಜ್ ಎಂದೇ ತಿಳಿಯಿರಿ.

ಈ ಪಟ್ಟಿಯಲ್ಲಿ ನಮಗೆ ಒಂದು ಮುಳ್ಳು ತಾಗಿತು. 58ರಲ್ಲಿ ಕೊರಿಯಾದ ಹೆಸರಿನ ಗೊಂಬೆಯೂ ಇತ್ತು, ತೈವಾನಿನ ಹೆಸರಿನದೂ ಇತ್ತು. ಎರಡೂ ಆಗ ಜಪಾನ್ ಆಕ್ರಮಿಸಿಕೊಂಡಿದ್ದ ನಾಡುಗಳು. ಅವುಗಳೂ ಉಟ್ಟದ್ದು ಜಪಾನಿನ ಕಿಮೋನೊವನ್ನೇ. ತನಗೆ ಬಾಗಿಲು ಮುಚ್ಚಿದರೆಂದು ನೊಂದ ದೇಶ, ಇನ್ನೊಬ್ಬರ ಮನೆಯೊಳಗೆ ಕುಳಿತುಕೊಂಡೇ ಸ್ನೇಹದ ಮಾತಾಡುತ್ತಿತ್ತು. ಗೊಂಬೆಗಳ ಕತೆಯನ್ನು ಬರೀ ಸಿಹಿಯಾಗಿ ಹೇಳುವವರು ಈ ಸಂಗತಿಯನ್ನು ದಾಟಿ ಹೋಗುತ್ತಾರೆ.

1927ರ ನವೆಂಬರಿನಲ್ಲಿ 58 ಗೊಂಬೆಗಳು ಯೊಕೊಹಾಮಾದಿಂದ ಹಡಗು ಹತ್ತಿದವು. ಹೊರಡುವ ಮುನ್ನ ಅವುಗಳ ಫೋಟೊ ತೆಗೆಯಲಾಯಿತು. ಆ ಫೋಟೊಗಳನ್ನು ಓದುಗರು ನೆನಪಿಟ್ಟುಕೊಳ್ಳಬೇಕು, ಮುಂದೆ ಕೆಲಸಕ್ಕೆ ಬರುತ್ತವೆ.

ಈಗ ಗೊಂಬೆಯ ಮೈಯ ವಿಚಾರ. ಈ ಬಗೆಯ ಗೊಂಬೆಗೆ ಇಚಿಮತ್ಸು ಎಂದು ಹೆಸರು. ಹದಿನೆಂಟನೆಯ ಶತಮಾನದ ಒಬ್ಬ ಕಬುಕಿ ನಟನ ಹೆಸರಿನಿಂದ ಬಂದದ್ದು. ಸಾಮಾನ್ಯವಾಗಿ ಇದರ ತಲೆಯನ್ನು ಮರದ ಹುಡಿಗೆ ಅಂಟು ಕಲಸಿ ಅಚ್ಚೊತ್ತಿ ಮಾಡುತ್ತಾರೆ. ಅದರ ಮೇಲೆ ಬಳಿಯುವುದು ಗೋಫುನ್. ಕಡಲ ಸಿಂಪಿಯ ಚಿಪ್ಪನ್ನು ವರ್ಷಗಟ್ಟಲೆ ಬಿಸಿಲು ಮಳೆಗೆ ಒಡ್ಡಿ, ಕುಟ್ಟಿ, ಬೀಸಿ ತೆಗೆದ ಬಿಳಿ ಹಿಟ್ಟು. ಅದನ್ನು ಪ್ರಾಣಿಗಳ ಚರ್ಮ ಎಲುಬು ಬೇಯಿಸಿ ತೆಗೆದ ಅಂಟಿನಲ್ಲಿ, ನಮ್ಮ ಬಡಗಿಗಳ ಹಳೆಯ ಸರೇಸಿನಂಥದ್ದರಲ್ಲಿ, ಕಲಸಿ ಪದರದ ಮೇಲೆ ಪದರ ಬಳಿಯುತ್ತಾರೆ. ಒಂದು ಪದರ ಒಣಗಿದ ಮೇಲೆ ಇನ್ನೊಂದು. ಮೂಗು, ರೆಪ್ಪೆ, ತುಟಿಗಳ ಉಬ್ಬನ್ನು ಆ ಪದರಗಳಲ್ಲೇ ಕೊರೆದು ತೆಗೆಯುತ್ತಾರೆ. ಕೊನೆಗೆ ಉಜ್ಜಿ ನಯಮಾಡಿದಾಗ ಮಗುವಿನ ಕೆನ್ನೆಗೆ ಮಾತ್ರ ಇರುವಂಥ ಮಂದ ಹೊಳಪು ಬರುತ್ತದೆ.

ಆ ಹೊಳಪಿಗೆ ನೀರೇ ಶತ್ರು. ಒದ್ದೆ ಬಟ್ಟೆ ತಾಗಿದರೆ ಸರೇಸು ಕರಗಿ ಕೆನ್ನೆ ಬಟ್ಟೆಗೆ ಬರುತ್ತದೆ. ಬೆರಳಿನ ಎಣ್ಣೆ ಒಳಗಿಳಿದು ಕಂದು ಕಲೆಯಾಗುತ್ತದೆ. ಹವೆ ಒಣಗಿದರೆ ಪದರ ಬಿರಿಯುತ್ತದೆ, ತೇವವಾದರೆ ಬೂಷ್ಟು ಹಿಡಿಯುತ್ತದೆ. ನಮ್ಮ ಚನ್ನಪಟ್ಟಣದ ಗೊಂಬೆಯ ಹಾಗಲ್ಲ ಇದು. ಅಲ್ಲಿ ಹಾಲೆಮರವನ್ನು ಚರಕಿಗೆ ಕೊಟ್ಟು ತಿರುಗಿಸಿ, ಅರಗಿನ ಕಡ್ಡಿ ಒತ್ತಿ ಬಣ್ಣ ಕೂರಿಸಿ, ಗರಿಯಿಂದ ತಿಕ್ಕಿ ಹೊಳಪು ಕೊಡುತ್ತಾರೆ. ಮಗು ಬಾಯಿಗಿಟ್ಟು ಜೊಲ್ಲು ಸುರಿಸಿದರೂ ಒರೆಸಿದರಾಯಿತು. ಆ ಕಸುಬಿಗೆ ಜಪಾನಿನ ತಂತ್ರವನ್ನು ತಂದು ಕಲಿಸಿದವರು ಬಾವಾಸ್ ಮಿಯಾನ್ ಎಂದು ಚನ್ನಪಟ್ಟಣದಲ್ಲಿ ಹೇಳುತ್ತಾರೆ. ಒಂದೇ ದೇಶದಿಂದ ಕಲಿತ ಕೈ ನಮ್ಮಲ್ಲಿ ನೆಲದ ಮೇಲೆ ಉರುಳಾಡುವ ಗೊಂಬೆ ಮಾಡಿತು. ಅಲ್ಲಿಯದು ಮುಟ್ಟಿದರೆ ಮಾಸುವ ಗೊಂಬೆ.

ಸೋಜಿಗವೆಂದರೆ ಅಮೆರಿಕದಿಂದ ಹೋದ ನೀಲಿ ಕಣ್ಣಿನ ಗೊಂಬೆಗಳ ತಲೆಯೂ ಮರದ ಹುಡಿ ಮತ್ತು ಅಂಟಿನದೇ. ಹೊರಗಿನ ಬಣ್ಣ ಬೇರೆ, ಅಷ್ಟೆ. ನೀರು ಬಿದ್ದರೆ ಅವೂ ಉಬ್ಬಿ ಬಿರಿಯುತ್ತವೆ. ಎರಡು ದೇಶಗಳೂ ಒಂದಕ್ಕೊಂದು ಕಳುಹಿಸಿದ್ದು ಒದ್ದೆಯಾದರೆ ಉಳಿಯದ ವಸ್ತುವನ್ನು.

ಹಿನಾ ಗೊಂಬೆಗಳ ಮನೆಗಳಲ್ಲಿ ಇದನ್ನು ತಾಯಂದಿರು ಮಕ್ಕಳಿಗೆ ಕಲಿಸುತ್ತ ಬಂದಿದ್ದಾರೆ. ಹಬ್ಬ ಮುಗಿದ ಮೇಲೆ ಬಿಸಿಲಿರುವ ಒಣ ದಿನ ನೋಡಿ ಗೊಂಬೆ ಇಳಿಸಬೇಕು. ಕೈ ತೊಳೆದು ಒಣಗಿಸಿಕೊಳ್ಳಬೇಕು. ಮುಖವನ್ನು ಮುಟ್ಟದೆ ಗರಿಯ ಕುಂಚದಿಂದ ಧೂಳು ಕೊಡವಬೇಕು. ತೆಳುವಾದ ಕಾಗದದಲ್ಲಿ ಮುಖ ಮುಚ್ಚಿ ಪೆಟ್ಟಿಗೆಗಿಡಬೇಕು. ಹುಳು ಬಾರದಂತೆ ಇಡುವ ಗುಳಿಗೆ ಒಂದೇ ಬಗೆಯದಿರಬೇಕು. ಕರ್ಪೂರ ಮತ್ತು ನ್ಯಾಫ್ತಲೀನ್ ಎರಡನ್ನೂ ಒಟ್ಟಿಗಿಟ್ಟರೆ ಅವು ಕರಗಿ ನೀರಾಗಿ ರೇಷ್ಮೆಗೆ ಕಲೆ ಹಿಡಿಯುತ್ತದೆ. (ಇದು ನಮ್ಮ ಟ್ರಂಕಿನ ಸೀರೆಗಳಿಗೂ ಸಲ್ಲುವ ಮಾತು.) ಇಳಿಸುವುದು ತಡವಾದರೆ ಮಗಳ ಮದುವೆ ತಡವಾಗುತ್ತದೆಂಬ ಹೆದರಿಕೆಯನ್ನೂ ಸೇರಿಸಿದ್ದಾರೆ. ಹೆದರಿಕೆ ಸುಳ್ಳಿರಬಹುದು, ಗೊಂಬೆಗಳು ಸಮಯಕ್ಕೆ ಸರಿಯಾಗಿ ಒಳಗೆ ಹೋಗುತ್ತವೆ.

ಅಮೆರಿಕಕ್ಕೆ ಬಂದ 58 ಗೊಂಬೆಗಳಿಗೆ ಇಂಥ ತಾಯಂದಿರು ಸಿಗಲಿಲ್ಲ. ಡಿಸೆಂಬರಿನಲ್ಲಿ ವಾಷಿಂಗ್ಟನ್‌ನಲ್ಲಿ ದೊಡ್ಡ ಸ್ವಾಗತವಾಯಿತು. ಆಮೇಲೆ ಗೊಂಬೆಗಳನ್ನು ತಂಡಗಳಾಗಿ ಮಾಡಿ ಊರೂರು ತಿರುಗಿಸಿದರು. 479 ಊರುಗಳು ಎಂದು ಲೆಕ್ಕ. ಒಂದೊಂದು ಊರಿನಲ್ಲೂ ಪೆಟ್ಟಿಗೆ ಬಿಚ್ಚುವುದು, ನಿಲ್ಲಿಸುವುದು, ಭಾಷಣ, ಫೋಟೊ, ಮತ್ತೆ ಕಟ್ಟುವುದು. ಕಟ್ಟುವವರು ಸ್ವಯಂಸೇವಕರು. ಅವರಿಗೆ ಜಪಾನಿ ಲಿಪಿ ಬಾರದು. ಯಾವ ಕೊಡೆ ಯಾರದು, ಯಾವ ಪೀಠ ಯಾರದು ಎಂಬುದು ನಿಧಾನವಾಗಿ ಕಲಸಿಹೋಯಿತು. ಹೆಸರು ಇದ್ದದ್ದು ಜೊತೆಯ ಪೀಠದಲ್ಲಿ, ಸಾಮಾನಿನಲ್ಲಿ. ಪೀಠ ಬದಲಾದಾಗ ಹೆಸರೂ ಬದಲಾಯಿತು. ಪ್ರವಾಸ ಮುಗಿದು ಒಂದೊಂದು ರಾಜ್ಯದ ವಸ್ತುಸಂಗ್ರಹಾಲಯಕ್ಕೆ, ಗ್ರಂಥಾಲಯಕ್ಕೆ ಹಂಚುವಾಗ, ಒಂದು ಪ್ರಾಂತ್ಯದ ಗೊಂಬೆ ಇನ್ನೊಂದರ ಹೆಸರಿನಲ್ಲಿ ಹೋಗಿ ನಿಂತಿತು. ಹೀಗೆ ಅದಲುಬದಲಾದವು ಒಂದೆರಡಲ್ಲ. ಮದುವೆ ಮನೆಯಲ್ಲಿ ಚಪ್ಪಲಿ ಅದಲುಬದಲಾದಂತೆ ಎಂದು ನಗಬಹುದು. ಆದರೆ ಒಂದೊಂದು ಕಾಸು ಕೊಟ್ಟ ಆ ಪ್ರಾಂತ್ಯದ ಹುಡುಗಿಯರಿಗೆ ಅದು ನಗುವ ವಿಷಯವಾಗಿರಲಿಕ್ಕಿಲ್ಲ.

ಕಾನೂನು ಬದಲಾಗಲಿಲ್ಲ. ಗೊಂಬೆಗಳು ಅದನ್ನು ಕದಲಿಸಲಿಲ್ಲ. ಜಪಾನಿನವರಿಗೆ ಆ ಬಾಗಿಲು ಸ್ವಲ್ಪ ತೆರೆದದ್ದು 1952ರಲ್ಲಿ. ಅದಕ್ಕೆ ಮುಂಚೆ ಯುದ್ಧ ಬಂತು.

1941ರ ಡಿಸೆಂಬರಿನಲ್ಲಿ ಪರ್ಲ್ ಹಾರ್ಬರ್ ದಾಳಿಯಾದ ಮೇಲೆ ಜಪಾನಿನ ಶಾಲೆಗಳಲ್ಲಿದ್ದ ನೀಲಿ ಕಣ್ಣಿನ ಗೊಂಬೆಗಳು ಶತ್ರುಗಳಾದವು. 1943ರ ಫೆಬ್ರವರಿ 19ರ ಮೈನಿಚಿ ಪತ್ರಿಕೆಯಲ್ಲಿ ಉತ್ತರದ ಅವೊಮೊರಿ ಪ್ರಾಂತ್ಯದ ಸುದ್ದಿ ಬಂತು. ಅಜಿಗಸಾವಾ ಎಂಬ ಊರಿನ ಶಾಲೆಯಲ್ಲಿ ಮೇಲಿನ ತರಗತಿಯ ಮಕ್ಕಳಿಗೆ ಈ ಗೊಂಬೆಯನ್ನು ಏನು ಮಾಡಬೇಕೆಂದು ಕೇಳಿದ್ದರು. 336 ಮಕ್ಕಳು ಉತ್ತರ ಕೊಟ್ಟರು. ಸುಡಬೇಕು ಎಂದವರು 133. ಒಡೆಯಬೇಕು ಎಂದವರು 89. ವಾಪಸು ಕಳುಹಿಸಬೇಕು ಎಂದವರು 44. ಸಮುದ್ರಕ್ಕೆ ಎಸೆಯಬೇಕು, 33. ಕಣ್ಣಿಗೆ ಕಾಣುವಲ್ಲಿಟ್ಟು ದಿನಾ ಹಿಂಸಿಸಬೇಕು, 31. ಹೆಗಲಿಗೆ ಬಿಳಿ ಬಾವುಟ ಹಾಕಿ ನಿಲ್ಲಿಸಬೇಕು, 5. ಅಮೆರಿಕದ ಗೂಢಚಾರಳೆಂದು ಎಚ್ಚರವಾಗಿರಬೇಕು ಎಂದದ್ದು ಒಂದು ಮಗು.

ಈ ಅಂಕಿಗಳನ್ನು ನಾವು ಎಷ್ಟೋ ಸಲ ಓದಿದ್ದೇವೆ. ಅದೇ ವಯಸ್ಸಿನ ಮಕ್ಕಳು ಹದಿನಾರು ವರ್ಷ ಮೊದಲು ಬಾವುಟ ಬೀಸಿ ಅದೇ ಗೊಂಬೆಯನ್ನು ಬರಮಾಡಿಕೊಂಡಿದ್ದರು. ದಿನಾ ಹಿಂಸಿಸಬೇಕೆಂಬ 31 ಮಕ್ಕಳಿಗೆ ಆ ಉತ್ತರ ತಾನಾಗಿ ಹೊಳೆಯಿತೋ, ಯಾರಾದರೂ ಹೊಳೆಯಿಸಿದರೋ. ಪ್ರಶ್ನೆ ಕೇಳಿದ ಮೇಷ್ಟರಿಗೆ ಯಾವ ಉತ್ತರ ಬೇಕಿತ್ತೆಂಬುದು ಮಕ್ಕಳಿಗೆ ಗೊತ್ತಿರುತ್ತದೆ. ನಾವೂ ಶಾಲೆಯಲ್ಲಿ ಕೂತು ಬಂದವರೇ. ಹಾಗಿದ್ದೂ ವಾಪಸು ಕಳುಹಿಸಿ ಎಂದ ಆ 44 ಮಕ್ಕಳು ನಮ್ಮ ಕಣ್ಣ ಮುಂದಿನಿಂದ ಹೋಗುವುದಿಲ್ಲ. ಗೊಂಬೆಯನ್ನು ಅತಿಥಿಯೆಂದು ಇನ್ನೂ ಲೆಕ್ಕಕ್ಕಿಟ್ಟಿದ್ದವರು ಅಷ್ಟು ಮಂದಿ.

ಗೊಂಬೆಗಳನ್ನು ಸುಟ್ಟರು, ಬಿದಿರಿನ ಈಟಿಯಿಂದ ತಿವಿದರು. ಜಪಾನಿನಲ್ಲಿ ಗೊಂಬೆ ಸುಡುವುದು ಹೊಸತಲ್ಲ ಎಂಬುದನ್ನು ಇಲ್ಲಿ ಹೇಳಬೇಕು. ಹಳೆಯದಾದ ಗೊಂಬೆಯನ್ನು ಕಸಕ್ಕೆಸೆಯಲು ಮನಸ್ಸಾಗದವರು ಗುಡಿಗೆ ಒಯ್ಯುತ್ತಾರೆ. ಟೋಕಿಯೊದ ಉಎನೊದಲ್ಲಿರುವ ಕಿಯೊಮಿಜು ಕನ್ನೊನ್ ಗುಡಿಯಲ್ಲಿ ಪ್ರತಿ ಸೆಪ್ಟೆಂಬರ್ 25ರಂದು ಮಂತ್ರ ಹೇಳಿ ಅವುಗಳನ್ನು ಬೆಂಕಿಗೆ ಒಪ್ಪಿಸುತ್ತಾರೆ. ಮಗುವಿನೊಡನೆ ಇದ್ದೆಯಲ್ಲ, ಋಣ ತೀರಿತು ಎಂದು ಕೈಮುಗಿದು ಕಳುಹಿಸುವ ಬೆಂಕಿ ಅದು. 1943ರ ಶಾಲೆಯಂಗಳದ್ದು ಬೇರೆ ಬೆಂಕಿ.

ಆದರೂ ಎಲ್ಲವೂ ಸುಡಲಿಲ್ಲ. ಅಲ್ಲೊಬ್ಬ ಇಲ್ಲೊಬ್ಬ ಮೇಷ್ಟರು, ಶಿಕ್ಷಕಿಯರು ಗೊಂಬೆಯನ್ನು ಬಟ್ಟೆಯಲ್ಲಿ ಸುತ್ತಿ ಅಟ್ಟದ ಮೇಲೆ, ಕಪಾಟಿನ ಹಿಂದೆ, ಉಗ್ರಾಣದ ಮೂಲೆಯಲ್ಲಿ ಅಡಗಿಸಿದರು. ಸಿಕ್ಕಿಬಿದ್ದಿದ್ದರೆ ದೇಶದ್ರೋಹಿ ಎನಿಸಿಕೊಳ್ಳುವ ಕಾಲ. ಹೆಚ್ಚಿನವರು ಹೇಳಿಕೊಳ್ಳಲೂ ಇಲ್ಲ. ಯುದ್ಧ ಮುಗಿದು ದಶಕಗಳಾದ ಮೇಲೆ, 1970ರ ಸುಮಾರಿಗೆ, ಶಾಲೆಯ ಹಳೆಯ ಕಟ್ಟಡ ಕೆಡವುವಾಗಲೋ, ಸಾಮಾನು ಬದಲಿಸುವಾಗಲೋ ಗೊಂಬೆಗಳು ಹೊರಬರತೊಡಗಿದವು. 12,739ರಲ್ಲಿ ಈವರೆಗೆ ಸಿಕ್ಕಿರುವುದು ಮುನ್ನೂರಕ್ಕಿಂತ ತುಸು ಹೆಚ್ಚು. ಮುಖದ ಬಣ್ಣ ಬಲೆಬಲೆಯಾಗಿ ಒಡೆದವು, ಕಣ್ಣು ಒಳಗೆ ಬಿದ್ದವು, ಮಮಾ ಎನ್ನಲಾರದವು.

ಅಮೆರಿಕದಲ್ಲಿ ಏನಾಯಿತು? ಅಲ್ಲಿ ಗೊಂಬೆ ಸುಡಿರೆಂದು ಯಾರೂ ಸುತ್ತೋಲೆ ಹೊರಡಿಸಲಿಲ್ಲ. ಹೆಚ್ಚಿನವನ್ನು ಪೆಟ್ಟಿಗೆಗೆ ಹಾಕಿ ಉಗ್ರಾಣಕ್ಕೆ ತಳ್ಳಿ ಮರೆತರು. ಕೆಲವು ಕಳೆದೇಹೋದವು. ಉತ್ತರ ಕೆರೊಲಿನಾದ ರಾಜ್ಯ ವಸ್ತುಸಂಗ್ರಹಾಲಯದಲ್ಲಿ ಮಾತ್ರ ಮಿಸ್ ಕಗಾವಾ ಎಂಬ ಗೊಂಬೆಯ ಪಕ್ಕ ಒಂದು ಫಲಕ ಇಟ್ಟರು. ಪರ್ಲ್ ಹಾರ್ಬರಿನ ದಾಳಿಯನ್ನು ಕಟುವಾಗಿ ಖಂಡಿಸುವ ಆ ಫಲಕ, ಆದರೂ ಈ ಗೊಂಬೆಗಾಗಿ ಕಾಸು ಕೂಡಿಸಿದ ಜಪಾನಿನ ಮಕ್ಕಳ ಮನಸ್ಸಿನಲ್ಲಿ ನಮ್ಮ ಮಕ್ಕಳ ಬಗ್ಗೆ ಸ್ನೇಹವೇ ಇತ್ತೆಂದು ನಂಬುತ್ತೇವೆ ಎಂಬ ಅರ್ಥದ ಮಾತನ್ನೂ ಹೇಳಿತು. ಯುದ್ಧದ ಕಾವಿನಲ್ಲಿ ಅಂಥದೊಂದು ಫಲಕ ಬರೆಯುವುದು ಸಣ್ಣ ಧೈರ್ಯವಲ್ಲ.

ಹಾಗೆಂದು ಅಮೆರಿಕವನ್ನು ಸುಲಭವಾಗಿ ಬಿಟ್ಟುಬಿಡುವುದು ಬೇಡ. ಗೊಂಬೆಗಳು ಪೆಟ್ಟಿಗೆಯೊಳಗೆ ತಣ್ಣಗೆ ಮಲಗಿದ್ದಾಗಲೇ, 1942ರಿಂದ, ಅಲ್ಲಿ ನೆಲೆಸಿದ್ದ ಜಪಾನಿ ಮೂಲದ ಸುಮಾರು 1,20,000 ಜನರನ್ನು ಮನೆ ಅಂಗಡಿ ಬಿಡಿಸಿ ಮುಳ್ಳುತಂತಿಯ ಶಿಬಿರಗಳಿಗೆ ಒಯ್ದರು. ಅವರಲ್ಲಿ ಬಹುಪಾಲು ಅಲ್ಲೇ ಹುಟ್ಟಿದ ಪೌರರು. ನ್ಯೂಯಾರ್ಕ್ ರಾಜ್ಯದ ರೋಚೆಸ್ಟರ್ ವಸ್ತುಸಂಗ್ರಹಾಲಯದಲ್ಲಿ ಮಿಸ್ ನಾಗಸಾಕಿ ಎಂಬ ಗೊಂಬೆಯಿದೆ. 1945ರ ಆಗಸ್ಟ್ 9ರಂದು ಆ ಊರಿನ ಮೇಲೆ ಬಾಂಬು ಬಿದ್ದಾಗಲೂ ಆಕೆ ಅಲ್ಲೇ ಇದ್ದಳು. ನಾಗಸಾಕಿಯ ಶಾಲೆಗಳಲ್ಲಿ 1927ರಲ್ಲಿ ಕಾಸು ಕೊಟ್ಟ ಹತ್ತು ವರ್ಷದ ಹುಡುಗಿಗೆ ಆಗ ಇಪ್ಪತ್ತೆಂಟು. ಬದುಕಿದ್ದರೆ.

ಜಪಾನಿನ 58 ಗೊಂಬೆಗಳಲ್ಲಿ ನಲವತ್ತೈದಕ್ಕೂ ಹೆಚ್ಚು ಈಗ ಎಲ್ಲಿವೆಯೆಂದು ಗೊತ್ತಿದೆ. 1970ರ ದಶಕದಿಂದೀಚೆಗೆ ಹಲವು ತವರಿಗೆ ಹೋಗಿ ಬಂದಿವೆ. ಹೋದಾಗ ಟೋಕಿಯೊದ ಯೊಶಿತೊಕು ಎಂಬ ಗೊಂಬೆ ಅಂಗಡಿಯಲ್ಲಿ ಹಲವಕ್ಕೆ ಚಿಕಿತ್ಸೆಯಾಯಿತು. 1711ರಲ್ಲಿ ಆರಂಭವಾದ ಮನೆತನದ ಅಂಗಡಿ ಅದು, 1927ರ ಕೆಲಸದಲ್ಲೂ ಅವರ ಪಾಲಿತ್ತು. ಅಲ್ಲಿ ಕಿಮೋನೊ ಬಿಚ್ಚಿದಾಗ ಕೆಲವುಗಳ ಮೈಮೇಲೆ ಮಾಡಿದವರ ಗುರುತು ಸಿಕ್ಕಿತು. ಹೆಸರಿನ ಗೊಂದಲ ಬಿಡಿಸಲು ಉಪಾಯವಾದದ್ದು ಕಿಮೋನೊದ ಲಾಂಛನ, ಮತ್ತು ಮೊದಲು ಹೇಳಿದ ಆ ಹಳೆಯ ಫೋಟೊಗಳು. ಹಡಗು ಹತ್ತುವ ಮುನ್ನ ತೆಗೆದ ಚಿತ್ರದಲ್ಲಿ ಯಾವ ಮುಖಕ್ಕೆ ಯಾವ ಕಿಮೋನೊ ಇತ್ತು, ಹೂವಿನ ಬಳ್ಳಿ ಯಾವ ಕಡೆ ತಿರುಗಿತ್ತು ಎಂದು ಒಂದೊಂದಾಗಿ ಹೋಲಿಸಿ ನೋಡಿದರು. ಈ ಹುಡುಕಾಟದ ಬಗ್ಗೆ ಆಲನ್ ಸ್ಕಾಟ್ ಪೇಟ್ ಎಂಬ ಗೊಂಬೆ ತಜ್ಞರು 2016ರಲ್ಲಿ ಒಂದು ದೊಡ್ಡ ಪುಸ್ತಕವನ್ನೇ ತಂದರು.

ಈಗ ಇಂಥ ಗೊಂಬೆಯ ಫೋಟೊ ತೆಗೆಯಬೇಕೆಂದರೆ ಕ್ರಮವೇ ಬೇರೆ. ಮುಟ್ಟುವವರು ಉಂಗುರ, ಬಳೆ, ಗಡಿಯಾರ ತೆಗೆದಿಡುತ್ತಾರೆ. ಹತ್ತಿಯ ಕೈಗವಸು ಬೇಡ. ಅದರ ಎಳೆ ಎದ್ದ ಪದರಕ್ಕೆ ಸಿಕ್ಕಿ ಕೀಳುತ್ತದೆ. ನಯವಾದ ನೈಟ್ರೈಲ್ ಕೈಗವಸು ಸರಿ. ಕೈ ಹಿಡಿದೋ ತಲೆ ಹಿಡಿದೋ ಎತ್ತುವಂತಿಲ್ಲ. ಮಗುವನ್ನು ಎತ್ತುವ ಹಾಗೆ ಒಂದು ಕೈ ಕೆಳಗೆ, ಒಂದು ಕೈ ಬೆನ್ನಿಗೆ. ಜೋಲುವ ಉದ್ದ ತೋಳುಗಳನ್ನು ಇನ್ನೊಬ್ಬರು ಹಿಡಿದುಕೊಳ್ಳಬೇಕು. ಬೆಳಕು ಬೇಕಾದಷ್ಟೇ ಹೊತ್ತು. ರೇಷ್ಮೆಯ ಬಣ್ಣ ಒಮ್ಮೆ ಹೋದರೆ ಹೋಯಿತು, ಆದ್ದರಿಂದ ಪ್ರದರ್ಶನದಲ್ಲೂ ಐವತ್ತು ಲಕ್ಸ್‌ನಷ್ಟು ಮಂದ ಬೆಳಕಿಗೇ ಮಿತಿ. ಕ್ಯಾಮೆರಾ ಮುಚ್ಚಿದ ಮೇಲೆ ಮೊದಲ ಕೆಲಸ ಒರೆಸುವುದಲ್ಲ, ನೋಡುವುದು. ಹೊಸ ಬಿರುಕು ಬಂತೇ, ಪದರ ಎಲ್ಲಾದರೂ ಎದ್ದಿದೆಯೇ ಎಂದು ಹಿಂದಿನ ಟಿಪ್ಪಣಿಯ ಜೊತೆ ಹೋಲಿಸುತ್ತಾರೆ. ಆಮೇಲೆ ಮೆತ್ತನೆಯ ಒಣ ಕುಂಚದಿಂದ ಧೂಳನ್ನು ಮೇಲಿನಿಂದ ಕೆಳಕ್ಕೆ ಸರಿಸಿ, ಬಲೆ ಕಟ್ಟಿದ ಸಣ್ಣ ಕೊಳವೆಯಿಂದ ಹಗುರವಾಗಿ ಹೀರುತ್ತಾರೆ. ಪದರ ಎದ್ದಲ್ಲಿ ಕುಂಚವೂ ಇಲ್ಲ. ಅಲ್ಲಿ ಕಡಲ ಪಾಚಿಯಿಂದ ತೆಗೆದ ಫುನೋರಿ ಅಂಟನ್ನೋ ತೆಳ್ಳಗಿನ ಸರೇಸನ್ನೋ ಕೂದಲೆಳೆಯಷ್ಟು ಇಳಿಸಿ ಕೂರಿಸುವುದು ತಜ್ಞರ ಕೆಲಸ. ಕೂದಲು ಬಾಚುವುದಿಲ್ಲ. ಕಿಮೋನೊ ಒಗೆಯುವುದಿಲ್ಲ. ಸೊಂಟದ ಓಬಿಯ ಗಂಟನ್ನು ಗೊತ್ತಿಲ್ಲದವರು ಬಿಚ್ಚುವುದಿಲ್ಲ.

ಕೆನ್ನೆಯ ಮೇಲೆ ಹಳೆಯ ಬೆರಳಚ್ಚು ಕಂದಾಗಿ ಕೂತಿದ್ದರೆ ಅದನ್ನು ಹಾಗೆಯೇ ಬಿಡುವುದೂ ಉಂಟು. ತೆಗೆಯಹೋದರೆ ಕೆನ್ನೆಯೇ ಬರುತ್ತದೆ. ಅದು ಯಾರ ಬೆರಳೆಂದು ಯಾರಿಗೂ ತಿಳಿಯುವಂತಿಲ್ಲ. ಕಟ್ಟಿಕೊಟ್ಟ ಕುಶಲಿಗನದಿರಬಹುದು, 479 ಊರುಗಳಲ್ಲಿ ಒಂದರ ಶಾಲಾ ಹುಡುಗಿಯದಿರಬಹುದು.

ಗ್ಯುಲಿಕ್ 1945ರ ಡಿಸೆಂಬರಿನಲ್ಲಿ ತೀರಿಕೊಂಡರು, ಯುದ್ಧ ಮುಗಿದ ನಾಲ್ಕು ತಿಂಗಳಿಗೆ. ಅಡಗಿಸಿಟ್ಟ ಗೊಂಬೆಗಳು ಆಗಿನ್ನೂ ಹೊರಬಂದಿರಲಿಲ್ಲ. 1986ರಲ್ಲಿ ಅದೇ ಹೆಸರಿನ ಅವರ ಮೊಮ್ಮಗ, ಗಣಿತದ ಪ್ರಾಧ್ಯಾಪಕರು, ಪತ್ನಿ ಫ್ರಾನ್ಸಿಸ್ ಜೊತೆ ಸೇರಿ ಜಪಾನಿನ ಶಾಲೆಗಳಿಗೆ ಮತ್ತೆ ಗೊಂಬೆ ಕಳುಹಿಸಲು ಶುರುಮಾಡಿದರು. ಈ ಸಲ ಸಾವಿರಗಟ್ಟಲೆ ಅಲ್ಲ, ವರ್ಷಕ್ಕೆ ಕೆಲವು.

ನಮ್ಮ ಜಿದ್ದಾದ ಗೊಂಬೆ ಈಗ ಆಪಾಳ ಮನೆಯಲ್ಲಿದೆ. ಹೋದ ಹುಬ್ಬನ್ನು ಅಮ್ಮಿ ಅಂದೇ ಬಾಲ್ ಪೆನ್ನಿನಿಂದ ಬರೆದಿದ್ದರು, ಯಾರನ್ನೂ ಬೈಯದೆ. ನೀಲಿ ಶಾಯಿ. ಮೊನ್ನೆ ಆಪಾಳ ಮೊಮ್ಮಗಳು ಅದನ್ನು ಒರೆಸಿ ಸರಿಮಾಡುತ್ತೇನೆಂದು ಒದ್ದೆ ಬಟ್ಟೆ ತಂದಳು. ಆಪಾ ಕೈ ಹಿಡಿದು ನಿಲ್ಲಿಸಿದಳು.